ಮೂಕಿ ಸಿನಿಮಾದಲ್ಲಿ ನಾನು ಗೆದ್ದ ವಾದ

ಇದು ನಡೆದದ್ದು ಎರಡು ವರ್ಷದ ಹಿಂದೆ, ಆಷಾಢದ ಒಂದು ಭಾನುವಾರ ಸಂಜೆ, ಜಾಲಹಳ್ಳಿಯ ನಮ್ಮ ಬಡಾವಣೆ ಸಂಘದ ಹಾಲ್‌ನಲ್ಲಿ. ಆಷಾಢ ಆದ್ದರಿಂದ ನಿಶ್ಚಿತಾರ್ಥ, ನಾಮಕರಣಗಳ ಕಾಟವಿಲ್ಲದೆ ಹಾಲ್ ಇಡೀ ಸಂಜೆ ನಮ್ಮದಾಗಿತ್ತು. ಬೇರೆ ತಿಂಗಳಾಗಿದ್ದರೆ ಐದೂವರೆಗೇ ಶಾಮಿಯಾನದವರು ಬಂದು ನಮ್ಮನ್ನು ಎಬ್ಬಿಸಿ ಕಳಿಸಿರುತ್ತಿದ್ದರು, ನನ್ನ ಮಾನವೂ ಅಷ್ಟರಮಟ್ಟಿಗೆ ಉಳಿದಿರುತ್ತಿತ್ತು.

ಮೊದಲು ನನ್ನ ಬಗ್ಗೆ ಎರಡು ಮಾತು. ಪೀಣ್ಯದ ಒಂದು ಲ್ಯಾಬ್‌ನಲ್ಲಿ ಅಳತೆಯ ಉಪಕರಣಗಳು ಸರಿಯಾಗಿ ಅಳೆಯುತ್ತವೆಯೇ ಅಂತ ಪರೀಕ್ಷಿಸುವುದು ನನ್ನ ಕೆಲಸ. ಕಾಲೇಜಿನಲ್ಲಿ ಮೂರು ವರ್ಷ ಚರ್ಚಾ ಸ್ಪರ್ಧೆಗಳಲ್ಲಿ ಗಂಟಲು ಹರಿದುಕೊಂಡವಳು. ಪರ ಅಂದರೆ ಪರ, ವಿರೋಧ ಅಂದರೆ ವಿರೋಧ, ಚೀಟಿಯಲ್ಲಿ ಯಾವುದು ಬರುತ್ತೋ ಅದನ್ನೇ ಜೀವಮಾನದ ನಂಬಿಕೆ ಅನ್ನುವ ಹಾಗೆ ಮಾತಾಡುವ ತರಬೇತಿ ನನಗಾಗಿದೆ. ದೇವರು, ಜಾತಕ, ವಾಟ್ಸಾಪ್‌ನ ಮನೆಮದ್ದು, ಯಾವುದನ್ನೂ ಪುರಾವೆ ಇಲ್ಲದೆ ಒಪ್ಪುವುದಿಲ್ಲ. "ಇವಳು ಉಪ್ಪಿಟ್ಟಿಗೂ ವಿರೋಧ ಪಕ್ಷ" ಅನ್ನುವುದು ಅಮ್ಮನ ದೂರು.

ನಮ್ಮ ಬಡಾವಣೆಯಲ್ಲಿ ಇರುವವರೆಲ್ಲ ಹೆಚ್ಚುಕಡಿಮೆ ಸರ್ಕಾರಿ ಕಾರ್ಖಾನೆಗಳಿಂದ ನಿವೃತ್ತರಾದವರು. ಕನ್ನಡದವರು, ತಮಿಳಿನವರು, ತೆಲುಗಿನವರು, ಮಲಯಾಳಿಗಳು, ಎರಡು ಬಂಗಾಳಿ ಮನೆ. ತಿಂಗಳಿಗೊಮ್ಮೆ ಸಂಘದ ಹಾಲ್‌ನಲ್ಲಿ ಸಿನಿಮಾ ತೋರಿಸುವ ಪದ್ಧತಿ. ಪ್ರತಿ ತಿಂಗಳೂ ಜಗಳ. ತಮಿಳು ಹಾಕಿದರೆ ತೆಲುಗಿನವರು ಅರ್ಧಕ್ಕೆ ಎದ್ದು ಹೋಗುವುದು, ಹಿಂದಿ ಹಾಕಿದರೆ ಎಲ್ಲರೂ ಒಟ್ಟಾಗಿ ಬೈಯುವುದು. ಹಿಂದಿನ ತಿಂಗಳಂತೂ ಮಾತು ಬೆಳೆದು ಪ್ಲಾಸ್ಟಿಕ್ ಕುರ್ಚಿಯೊಂದರ ಕಾಲು ಮುರಿದಿತ್ತು. ಕಾರ್ಖಾನೆಯಲ್ಲಿ ಫೋರ್‌ಮನ್ ಆಗಿದ್ದು ಈಗ ಸಂಘದ ಕಾರ್ಯದರ್ಶಿಯಾಗಿರುವ ಪುಟ್ಟಸ್ವಾಮಿ ಅಂಕಲ್ ಕೊನೆಗೆ ಒಂದು ತೀರ್ಪು ಕೊಟ್ಟರು.

"ಇನ್ಮೇಲೆ ಯಾವ ಭಾಷೇನೂ ಬೇಡ. ಮಾತೇ ಇಲ್ಲದ ಸಿನಿಮಾ ಹಾಕ್ತೀನಿ. ಅದಕ್ಕೂ ಜಗಳ ಆಡ್ತೀರಾ ನೋಡೋಣ."

ಜಗಳ ಆಡಿದೆವು. ಅದನ್ನೇ ಹೇಳಹೊರಟಿದ್ದೇನೆ.

ಸಿನಿಮಾ ಹುಡುಕಿ ತಂದವನು ನಮ್ಮ ಲ್ಯಾಬ್‌ನ ಯಮನಪ್ಪ. ಬಾಗಲಕೋಟೆ ಕಡೆಯವನು, ರಾಜಗೋಪಾಲನಗರದಲ್ಲಿ ರೂಮು ಮಾಡಿಕೊಂಡಿದ್ದಾನೆ. ಕಂಪ್ಯೂಟರ್, ಪ್ರೊಜೆಕ್ಟರ್ ವಿಷಯದಲ್ಲಿ ಗಟ್ಟಿಗ ಅಂತ ನಾನೇ ಅವನನ್ನು ಸಂಘಕ್ಕೆ ಪರಿಚಯಿಸಿದ್ದೆ. ಅವನು ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಸಿಗುವ ಹಳೆಯ ಚಿತ್ರಗಳ ಒಂದು ಜಾಗದಿಂದ ಯಾವುದೋ ಯುರೋಪಿನ ದೇಶದ, ಸುಮಾರು ನೂರು ವರ್ಷ ಹಳೆಯ ರೈಲಿನ ಚಿತ್ರವೊಂದನ್ನು ಇಳಿಸಿಕೊಂಡ. "ಭಾಳ ಛಲೋ ಐತ್ರಿ ಅಕ್ಕಾರ, ರೈಲು, ಗುಡ್ಡ, ಲವ್ವು, ಎಲ್ಲಾ ಐತಿ" ಅಂದ. ಮಾತಿಲ್ಲ ನಿಜ. ಆದರೆ ನಡುನಡುವೆ ಬರಹದ ಕಾರ್ಡುಗಳು ಬರುತ್ತವಲ್ಲ, ಅವು ಬಂಗಾಳಿ ಮನೆಯವರಿಗೂ ಬಾರದ ಭಾಷೆಯಲ್ಲಿದ್ದವು. ಅದೇ ಜಾಗದಲ್ಲಿ ಯಾರೋ ಪುಣ್ಯಾತ್ಮರು ಅವುಗಳ ಇಂಗ್ಲಿಷ್ ಅನುವಾದ ಹಾಕಿದ್ದರು. ಅದನ್ನು ಕನ್ನಡ ಮಾಡಿ, ಮೈಕ್ ಹಿಡಿದು, ಸಿನಿಮಾ ಓಡುತ್ತಿರುವಾಗಲೇ ಓದುವ ಕೆಲಸ ನನ್ನ ತಲೆಗೆ ಬಂತು.

"ಚರ್ಚೇಲಿ ಅಷ್ಟು ಕಪ್ ತಗೊಂಡಿದೀಯ, ಇದೇನು ಮಹಾ" ಅಂದರು ಪುಟ್ಟಸ್ವಾಮಿ ಅಂಕಲ್. ಹೊಗಳಿದರೆ ನಾನು ಬೀಳುತ್ತೇನೆ, ಪುರಾವೆ ಕೇಳುವುದಿಲ್ಲ.

ಒಂದು ತೊಡಕಿತ್ತು. ಚಿತ್ರದ ನಡುಭಾಗದಿಂದ ಮುಂದಕ್ಕೆ ಕಾರ್ಡುಗಳೇ ಇರಲಿಲ್ಲ, ಕಾಲಾಂತರದಲ್ಲಿ ಕಳೆದುಹೋಗಿದ್ದವು. ಅಲ್ಲಿ ಏನು ಹೇಳಬೇಕು ಅನ್ನುವುದನ್ನು ನಾನೇ ಬರೆದುಕೊಂಡೆ. ಶನಿವಾರ ಫೋನಿನಲ್ಲಿ ಅಷ್ಟುದೂರ ನೋಡಿ, ಹುಡುಗಿ ಹಳಿಯ ಕಡೆ ಓಡುವಲ್ಲಿಗೆ ನಿಲ್ಲಿಸಿದ್ದೆ. ಹಳೆಯ ಸಿನಿಮಾದಲ್ಲಿ ಪ್ರೀತಿಯಲ್ಲಿ ನೊಂದ ಹುಡುಗಿ ಹಳಿ ಕಡೆ ಓಡಿದರೆ ಮುಂದೇನು ಅಂತ ಹೇಳಲು ಪೂರ್ತಿ ಬೇರೆ ನೋಡಬೇಕೇ?

ಈಗ ವೆಂಕೋಬರಾವ್ ಅಂಕಲ್ ವಿಷಯ. ಕಾರ್ಖಾನೆಯವರೇ ತುಂಬಿದ ನಮ್ಮ ಬಡಾವಣೆಯಲ್ಲಿ ರೈಲ್ವೆಯಿಂದ ನಿವೃತ್ತರಾದವರು ಅವರೊಬ್ಬರೇ. ಮೂವತ್ತು ಚಿಲ್ಲರೆ ವರ್ಷ ಸ್ಟೇಷನ್ ಮಾಸ್ಟರ್ ಆಗಿದ್ದವರು. ಸ್ಟೇಷನ್ನಿನಲ್ಲಿ ನಿಲ್ಲದೆ ಹೋಗುವ ಯಾವ ಗಾಡಿಯಾದರೂ ಅಲ್ಲಿಯ ಮಾಸ್ಟರ್ ಎದ್ದು ಹೊರಗೆ ಬಂದು, ಕೊನೆಯ ಡಬ್ಬಿ ದಾಟುವವರೆಗೆ ನಿಂತು ನೋಡಬೇಕಂತೆ. ಎಲ್ಲ ಸರಿಯಿದ್ದರೆ ಕೈ ಚಾಚಿ ಗಾರ್ಡಿಗೆ ಸನ್ನೆ ಮಾಡಬೇಕಂತೆ. ನಿವೃತ್ತಿ ಅವರಿಗಾಗಿತ್ತು, ಅವರ ಮೊಣಕಾಲಿಗೆ ಆಗಿರಲಿಲ್ಲ. ಸಂಘದಲ್ಲಿ ಯಾವ ಸಿನಿಮಾ ಹಾಕಿದರೂ ಅದರಲ್ಲೊಂದು ರೈಲು ಬಂದರೆ ಎರಡನೇ ಸಾಲಿನಲ್ಲಿ ಕೂತಿದ್ದ ವೆಂಕೋಬರಾವ್ ಅಂಕಲ್ ಸರಕ್ಕನೆ ಎದ್ದು ನಿಲ್ಲುತ್ತಿದ್ದರು. ನಾಯಕ ನಾಯಕಿ ರೈಲಿನ ಬಾಗಿಲಲ್ಲಿ ಹಾಡುತ್ತಿದ್ದರೆ ಹಿಂದೆ ಕೂತವರಿಗೆ ಕಾಣುತ್ತಿದ್ದದ್ದು ಅಂಕಲ್ ಬೆನ್ನು, ಅವರ ಸ್ವೆಟರು, ಮತ್ತು ಅತ್ತಿತ್ತ ಆಡುವ ಬಲಗೈ.

"ಹಿಂದಿನ ಸಾಲಿಗೆ ಹೋಗಿ ನಿಂತ್ಕೊಳ್ರೀ" ಅಂತ ಎಷ್ಟೋ ಜನ ಹೇಳಿದ್ದರು.

"ಹಿಂದಿನ ಸಾಲಿಂದ ಕೊನೇ ಡಬ್ಬಿ ಕಾಣಲ್ಲ" ಅನ್ನುವುದು ಅವರ ಉತ್ತರ.

ಈ ಸಲ ಇಡೀ ಸಿನಿಮಾವೇ ರೈಲಿನದು ಅಂತ ಗೊತ್ತಾದ ಕೂಡಲೇ ಪುಟ್ಟಸ್ವಾಮಿ ಅಂಕಲ್ ನೋಟಿಸ್ ಬೋರ್ಡಿನಲ್ಲಿ ಹಾಕಿದರು: ಪ್ರದರ್ಶನದ ವೇಳೆ ಎದ್ದು ನಿಲ್ಲುವ ಸದಸ್ಯರ ಸದಸ್ಯತ್ವವನ್ನು ರದ್ದು ಮಾಡಲಾಗುವುದು. ಹೆಸರಿರಲಿಲ್ಲ. ಬೇಕಾಗಿಯೂ ಇರಲಿಲ್ಲ.

ಅದೇ ಸಂಜೆ ವೆಂಕೋಬರಾವ್ ಅಂಕಲ್ ಹೆಂಡತಿ ವನಜಾ ಆಂಟಿ ನಮ್ಮ ಮನೆಗೆ ಓಡಿ ಬಂದರು. "ಸಿಂಧು, ಅವರನ್ನ ನಿನ್ ಪಕ್ಕದಲ್ಲೇ ಕೂರಿಸ್ಕೊಳಮ್ಮ. ಸಂಘದಿಂದ ತೆಗೆದ್ಬಿಟ್ರೆ ದಿನಾ ಪೇಪರ್ ಓದೋಕೆ, ಕೇರಂ ಆಡೋಕೆ ಎಲ್ಲಿಗೆ ಹೋಗ್ತಾರೆ? ಇಪ್ಪತ್ನಾಲ್ಕು ಗಂಟೆ ಮನೇಲಿರ್ತಾರೆ. ನಿಂಗೊತ್ತಿಲ್ಲ ಕಣಮ್ಮ, ಹಾಲಿನವನು ಬರೋ ಟೈಮ್ ಬರೀತಾರೆ. ಕುಕ್ಕರ್ ಕೂಗಿದ ಟೈಮ್ ಬರೀತಾರೆ. ಮೊನ್ನೆ ಸಾರು ಏಳು ನಿಮಿಷ ಲೇಟು ಅಂತ ಬರೆದಿದಾರೆ, ಕಾರಣ ಏನು ಅಂತ ನನ್ನ ಕೇಳ್ತಾರೆ!"

ನಾನು ಮಾತು ಕೊಟ್ಟೆ. "ಆಂಟಿ, ಅವರು ಏಳದ ಹಾಗೆ ನೋಡ್ಕೊಳ್ಳೋದು ನನ್ ಜವಾಬ್ದಾರಿ. ಯೋಚ್ನೆ ಮಾಡ್ಬೇಡಿ."

ಭಾನುವಾರ ಸಂಜೆ ಐದಕ್ಕೆ ಹಾಲ್ ತುಂಬಿತ್ತು. ಯಮನಪ್ಪ ತನ್ನ ರೂಮಿನ ಮೂರು ಜನ ಗೆಳೆಯರನ್ನೂ ಕರೆತಂದಿದ್ದ. ಎರಡನೇ ಸಾಲಿನ ಅಂಚಿನಲ್ಲಿ ವೆಂಕೋಬರಾವ್ ಅಂಕಲ್, ಅವರ ಪಕ್ಕದಲ್ಲಿ ಮೈಕ್ ಹಿಡಿದ ನಾನು. ಅವರು ಇಸ್ತ್ರಿ ಮಾಡಿದ ಬಿಳಿ ಪ್ಯಾಂಟು ಹಾಕಿಕೊಂಡು ಬಂದಿದ್ದರು, ಡ್ಯೂಟಿಗೆ ಬಂದ ಹಾಗೆ.

ಕತೆ ಸರಳ. ಗುಡ್ಡದ ನಡುವೆ ಒಂದು ಸಣ್ಣ ರೈಲ್ವೆ ಕ್ಯಾಬಿನ್. ಅಲ್ಲಿ ಸಿಗ್ನಲ್ ನೋಡಿಕೊಳ್ಳುವ ಮುದುಕ, ಅವನ ಮಗಳು. ಎಕ್ಸ್‌ಪ್ರೆಸ್ ಗಾಡಿಯ ಡ್ರೈವರ್ ಅವಳ ಪ್ರೇಮಿ. ಮೀಸೆಯ ಇನ್ಸ್‌ಪೆಕ್ಟರ್ ಖಳನಾಯಕ, ಅವನಿಗೂ ಅವಳೇ ಬೇಕು. ಮೊದಲ ಗಾಡಿ ಬಂದಾಗ ಅಂಕಲ್ ಎರಡೂ ಕೈಯಲ್ಲಿ ಕುರ್ಚಿ ಹಿಡಿದುಕೊಂಡು ಅರ್ಧ ಎದ್ದರು. ನಾನು ಓದುತ್ತಲೇ ಎಡಗೈಯಿಂದ ಅವರ ಸ್ವೆಟರ್ ಎಳೆದೆ, ಕೂತರು. ಎರಡನೆಯದು ಗೂಡ್ಸ್ ಗಾಡಿ, ಕೆಳಗಿನ ಸ್ಟೇಷನ್ನಿಂದ ಹೊರಟಿತು. ಅವರು ಏಳಲಿಲ್ಲ, ಆದರೆ ಉಸಿರಿನಲ್ಲೇ ಏನೋ ಎಣಿಸುತ್ತಿದ್ದರು. ಕೊನೆಗೆ ಬಲಗೈ ಮಡಿಲಲ್ಲೇ ಸ್ವಲ್ಪ ಅಲ್ಲಾಡಿತು. ಹಿಂದಿನಿಂದ ಪುಟ್ಟಸ್ವಾಮಿ ಅಂಕಲ್ "ಶಭಾಷ್" ಅಂದರು. ನಾನು ಒಳಗೊಳಗೇ ಬೀಗಿದೆ.

ಕಾರ್ಡುಗಳಿಲ್ಲದ ಭಾಗ ಬಂತು. ಇನ್ಸ್‌ಪೆಕ್ಟರು ಹುಡುಗಿಯ ಹತ್ತಿರ ಬಂದು ಏನೋ ಹೇಳಿ ಹೋದ. ಅವಳು ಅತ್ತಳು. ಹೊತ್ತು ಮುಳುಗಿತು. ಗೂಡ್ಸ್ ಗಾಡಿ ಸುರಂಗದಿಂದ ಹೊರಬಂದು ಕ್ಯಾಬಿನ್ ದಾಟಿ ಹೋಯಿತು. ಬಾಗಿಲಲ್ಲಿ ನಿಂತಿದ್ದ ಹುಡುಗಿ ಅದನ್ನು ನೋಡಿದಳು, ಕಣ್ಣು ಅರಳಿಸಿದಳು, ಕೆನ್ನೆಗೆ ಕೈ ಒತ್ತಿಕೊಂಡಳು, ಒಳಗೆ ಹೋಗಿ ಕೈದೀಪ ತಂದು ಹಳಿಗೆ ಇಳಿದು ಓಡಿದಳು.

ನಾನು ದನಿ ನಡುಗಿಸಿ ಓದಿದೆ: "ಇನ್ನು ಯಾರಿಗಾಗಿ ಬದುಕಲಿ? ನನ್ನ ನೋವಿಗೆ ಈ ಉಕ್ಕಿನ ಹಳಿಗಳೇ ಕೊನೆ ಹಾಡಲಿ..."

ಮೂರನೇ ಸಾಲಿನಲ್ಲಿ ಯಾರೋ ಆಂಟಿ ಮೂಗು ಎಳೆದುಕೊಂಡದ್ದು ಕೇಳಿಸಿತು. ಅದೇ ಹೊತ್ತಿಗೆ ನನ್ನ ಕೈಯಲ್ಲಿದ್ದ ಸ್ವೆಟರ್ ಜಾರಿತು.

"ಟೇಲ್ ಲ್ಯಾಂಪ್ ಇಲ್ಲ! ಕೊನೇ ಡಬ್ಬಿ ದೀಪ ಇಲ್ಲ!" ಅಂತ ವೆಂಕೋಬರಾವ್ ಅಂಕಲ್ ಎದ್ದು ನಿಂತು ಕೂಗಿದರು. "ಗಾಡಿ ತುಂಡಾಗಿದೆ! ಸುರಂಗದಲ್ಲಿ ಡಬ್ಬಿ ಉಳ್ಕೊಂಡಿದೆ! ಹಿಂದೆ ಬರೋ ಗಾಡಿ ನಿಲ್ಸಿ!"

ಹಾಲ್‌ನಲ್ಲಿ ಹೋ ಅಂತ ಗದ್ದಲ. ಯಮನಪ್ಪ ಗಾಬರಿಯಾಗಿ ಸಿನಿಮಾ ನಿಲ್ಲಿಸಿದ. ದೀಪ ಹಾಕಿದರು. ಪುಟ್ಟಸ್ವಾಮಿ ಅಂಕಲ್ ಎದ್ದರು. "ಆಯ್ತು ರಾವ್ ಸಾಹೇಬ್ರೆ, ನೋಟಿಸ್ ಓದಿದ್ರಲ್ಲ?"

"ಅಲ್ಲ ಸ್ವಾಮಿ, ಆ ಹುಡುಗಿ ಸಾಯೋಕೆ ಹೋಗ್ತಿಲ್ಲ! ಎಕ್ಸ್‌ಪ್ರೆಸ್ ನಿಲ್ಸೋಕೆ ಹೋಗ್ತಿದಾಳೆ. ಈ ಮಗು ತಪ್ಪು ಹೇಳ್ತಿದೆ."

ಆಗ ನಾನು ಸುಮ್ಮನಿರಬಹುದಿತ್ತು. ಸುಮ್ಮನಿರಲು ನನಗೆ ತರಬೇತಿ ಆಗಿಲ್ಲ. ತಪ್ಪು ಅಂದರಲ್ಲ, ಅದೂ ನೂರಿಪ್ಪತ್ತು ಜನರ ಮುಂದೆ. ಮೈಕ್ ಬೇರೆ ನನ್ನ ಕೈಯಲ್ಲೇ ಇತ್ತು.

"ಅಂಕಲ್, ಟೇಲ್ ಲ್ಯಾಂಪ್ ಯಾವ ಬಣ್ಣ?" ಅಂತ ಕೇಳಿದೆ.

"ಕೆಂಪು."

"ಕಪ್ಪು ಬಿಳುಪು ಸಿನಿಮಾದಲ್ಲಿ ಕೆಂಪು ದೀಪ ಇಲ್ಲ ಅಂತ ಹೇಗೆ ಗೊತ್ತಾಯ್ತು ನಿಮಗೆ?"

ಹಾಲ್ ನಕ್ಕಿತು. ಚಪ್ಪಾಳೆ ಬಿತ್ತು. ನನ್ನ ಕಿವಿ ಬಿಸಿಯಾಯಿತು, ಫೈನಲ್‌ನಲ್ಲಿ ಆಗುತ್ತಿದ್ದ ಹಾಗೆ.

"ಕೆಂಪು ಕೇಳ್ತಿಲ್ಲಮ್ಮ ನಾನು, ದೀಪ ಕೇಳ್ತಿದೀನಿ. ಕೆಳಗಿನ ಸ್ಟೇಷನ್ ಬಿಟ್ಟಾಗ ಹನ್ನೊಂದು ಡಬ್ಬಿ, ಕೊನೇದಕ್ಕೆ ದೀಪ ಇತ್ತು. ಈಗ ಒಂಬತ್ತೇ."

"ಸಿನಿಮಾ ನೋಡೋಕೆ ಬಂದು ಡಬ್ಬಿ ಎಣಿಸ್ತಾ ಇದ್ರಾ ಅಂಕಲ್?"

ಮತ್ತೆ ನಗು. ಇದು ಉತ್ತರವೇ ಅಲ್ಲ, ಪ್ರಶ್ನೆಯನ್ನು ಪಕ್ಕಕ್ಕೆ ತಳ್ಳುವ ಪಟ್ಟು. ನಾನೇ ಜೂನಿಯರ್‌ಗಳಿಗೆ ಹೇಳಿಕೊಟ್ಟದ್ದು.

"ಸಾಯೋಕೆ ಹೋಗೋಳು ಕೈದೀಪ ಯಾಕೆ ತಗೊಂಡ್ ಹೋಗ್ತಾಳೆ?" ಅಂದರು ಅಂಕಲ್.

"ಕತ್ತಲೆ ಅಂಕಲ್. ಎಡವಿ ಬಿದ್ರೆ ಏಟಾಗಲ್ವಾ?"

ಈ ಸಲ ನಕ್ಕ ನಗೆಗೆ ಕಿಟಕಿಯ ಪಾರಿವಾಳಗಳು ಹಾರಿ ಹೋದವು. ಯಮನಪ್ಪನ ಗೆಳೆಯರು ಸಿಳ್ಳೆ ಹಾಕಿದರು. ವೆಂಕೋಬರಾವ್ ಅಂಕಲ್ ಮಾತ್ರ ನಗಲಿಲ್ಲ, ಸಿಟ್ಟೂ ಮಾಡಿಕೊಳ್ಳಲಿಲ್ಲ. "ಅರ್ಧ ನಿಮಿಷ ಹಿಂದಕ್ಕೆ ಓಡಿಸಿ ನೋಡಿ. ಅಷ್ಟೇ ಸಾಕು" ಅಂದರು.

ಯಮನಪ್ಪ ನನ್ನನ್ನು ನೋಡಿದ. "ಅಕ್ಕಾರ, ಹಿಂದಕ್ಕ ಹೊಡಿಲೇನ್ರಿ?"

ಒಂದು ಗುಂಡಿ ಒತ್ತುವ ಕೆಲಸ. ದಿನವಿಡೀ ಲ್ಯಾಬ್‌ನಲ್ಲಿ "ಇನ್ನೊಂದು ರೀಡಿಂಗ್ ತಗೊಳ್ಳಿ" ಅಂತ ಎಲ್ಲರ ಪ್ರಾಣ ತೆಗೆಯುವವಳು ನಾನು. ಆದರೆ ಬಾಯಿಂದ ಬಂದದ್ದು ಇದು: "ಬೇಡ. ಒಬ್ಬರಿಗೆ ಅನುಮಾನ ಬಂತು ಅಂತ ಎಲ್ಲರೂ ಯಾಕೆ ಕಾಯ್ಬೇಕು? ಸಭೆ ತೀರ್ಮಾನ ಮಾಡ್ಲಿ."

ಸಭೆ ಕೈ ಎತ್ತಿತು. ಸಿನಿಮಾ ಮುಂದುವರಿಯಲಿ ಅನ್ನುವವರು ಎಲ್ಲರೂ. ನಮ್ಮಪ್ಪ ಕೂಡ. ವನಜಾ ಆಂಟಿ ಎತ್ತಲಿಲ್ಲ, ಆದರೆ ಅವರು ನನ್ನ ಕಡೆ ನೋಡಿದ ನೋಟಕ್ಕಿಂತ ಕೈ ಎತ್ತಿದ್ದರೇ ವಾಸಿ ಅನ್ನಿಸಿತು. ಕಾಪಾಡುತ್ತೇನೆ ಅಂತ ಮಾತು ಕೊಟ್ಟವಳೇ ಅವರ ಗಂಡನನ್ನು ಹೊರಗೆ ಹಾಕಿಸಿದ್ದೆ.

"ಇನ್ನು ನೀವು ಹೊರಡಬಹುದು" ಅಂದರು ಪುಟ್ಟಸ್ವಾಮಿ ಅಂಕಲ್.

"ಟೈಮ್ ಎಷ್ಟು?"

"ಐದು ಐವತ್ತೆರಡು."

ವೆಂಕೋಬರಾವ್ ಅಂಕಲ್ ಜೇಬಿನಿಂದ ಪುಟ್ಟ ಡೈರಿ ತೆಗೆದು ಅದನ್ನು ಬರೆದುಕೊಂಡು, ಪೆನ್ನಿನ ಕ್ಯಾಪ್ ಹಾಕಿ, ಹೊರಟರು.

ದೀಪ ಆರಿತು. ಸಿನಿಮಾ ಶುರುವಾಯಿತು. ಹುಡುಗಿ ಸುರಂಗದ ಬಾಯಿಗೆ ಬಂದಳು. ನಾನು ಗೆದ್ದ ಹುಮ್ಮಸ್ಸಿನಲ್ಲಿ ಮುಂದಿನ ಸಾಲು ಓದಿದೆ: "ಈ ಸುರಂಗದ ಕತ್ತಲೆ, ನನ್ನ ಮನಸ್ಸಿನ ಕತ್ತಲೆ..."

ಅವಳು ದೀಪ ಎತ್ತಿದಳು. ಬೆಳಕು ಮೊದಲು ಕಲ್ಲಿನ ಗೋಡೆಯ ಮೇಲೆ ಬಿತ್ತು. ಆಮೇಲೆ ಒಂದು ಚಕ್ರದ ಮೇಲೆ. ಆಮೇಲೆ ಮೇಲಕ್ಕೆ ಹೋಯಿತು. ಹಳಿಯ ಮೇಲೆ, ಸುರಂಗದ ನಟ್ಟನಡುವೆ, ಅನಾಥವಾಗಿ ನಿಂತಿದ್ದವು ಎರಡು ಡಬ್ಬಿ.

ಹಾಲ್‌ನಲ್ಲಿ ಉಸಿರೂ ಇಲ್ಲ. ನನ್ನ ಉಸಿರು ಬಿಟ್ಟು. ಅದು ಮೈಕಿನಲ್ಲಿ, ಎರಡೂ ಸ್ಪೀಕರಿನಲ್ಲಿ, ಹುಸ್ ಹುಸ್ ಅಂತ ಬರುತ್ತಿತ್ತು.

"ಅಕ್ಕಾರ" ಅಂದ ಯಮನಪ್ಪ ಹಿಂದಿನಿಂದ. "ಡಬ್ಬಿ."

"ಕಾಣ್ತಿದೆ ಕಣೋ" ಅಂದೆ. ಅದೂ ಮೈಕಿನಲ್ಲೇ ಹೋಯಿತು.

ಎಲ್ಲರೂ ಪರದೆ ಬಿಟ್ಟು ನನ್ನನ್ನು ನೋಡುತ್ತಿದ್ದರು. ಕೊನೆಗೆ ಪುಟ್ಟಸ್ವಾಮಿ ಅಂಕಲ್ ಗಂಟಲು ಸರಿಮಾಡಿಕೊಂಡು, "ನಿಲ್ಸಪ್ಪ. ಅದೇನೋ ಹಿಂದಕ್ಕೆ ಓಡಿಸ್ತೀನಿ ಅಂದ್ಯಲ್ಲ, ಓಡ್ಸು" ಅಂದರು.

ಹಿಂದಕ್ಕೆ ಓಡಿಸಿದೆವು. ಒಂದಲ್ಲ, ಮೂರು ಸಲ. ಜೀವನಪೂರ್ತಿ ಕಾರ್ಖಾನೆಯಲ್ಲಿ ಕ್ವಾಲಿಟಿ ವಿಭಾಗದಲ್ಲಿದ್ದ ನಮ್ಮಪ್ಪ ಪರದೆಯ ಹತ್ತಿರವೇ ಹೋಗಿ ಬೆರಳಿಟ್ಟು ಎಣಿಸಿದರು. ಕೆಳಗಿನ ಸ್ಟೇಷನ್ನಿನಲ್ಲಿ ಹನ್ನೊಂದು, ಕೊನೆಯದರ ಹಿಂದೆ ಬಿಳಿಯ ಚುಕ್ಕೆಯಂಥ ದೀಪ. ಕ್ಯಾಬಿನ್ ದಾಟುವಾಗ ಒಂಬತ್ತು, ಹಿಂದೆ ಬರೀ ಕತ್ತಲೆ. ದೀಪ ಯಾವ ಬಣ್ಣದ್ದಾದರೇನು, ಇದ್ದದ್ದು ಇತ್ತು, ಇಲ್ಲದ್ದು ಇರಲಿಲ್ಲ. ಹುಡುಗಿ ಕಣ್ಣರಳಿಸಿದ್ದು ಅದಕ್ಕೆ. ನೂರಿಪ್ಪತ್ತು ಜನ ನಾವು ಅವಳ ಮುಖ ನೋಡುತ್ತಿದ್ದೆವು. ಅವಳು ಏನನ್ನು ನೋಡುತ್ತಿದ್ದಾಳೆ ಅಂತ ನೋಡಿದವರು ಒಬ್ಬರೇ.

"ಹೋಗಿ ಕರ್ಕೊಂಡ್ ಬಾ" ಅಂದರು ಅಪ್ಪ. ಯಾರು ಹೋಗಬೇಕು ಅಂತ ಕೇಳುವ ಅಗತ್ಯವಿರಲಿಲ್ಲ.

ಮೆಟ್ಟಿಲಿಳಿಯುತ್ತ ಕ್ಷಮೆಯ ಭಾಷಣ ಸಿದ್ಧ ಮಾಡಿಕೊಂಡೆ, ಪೀಠಿಕೆ, ಮೂರು ಅಂಶ, ಸಮಾರೋಪ. ಅಂಕಲ್ ಗೇಟಿನ ಹತ್ತಿರದ ಕಲ್ಲುಬೆಂಚಿನ ಮೇಲೆ ಬೆನ್ನು ನೆಟ್ಟಗೆ ಮಾಡಿ ಕೂತಿದ್ದರು.

"ಅಂಕಲ್, ನೀವು ಹೇಳಿದ್ದೇ ಸರಿ. ಸುರಂಗದಲ್ಲಿ ಎರಡು ಡಬ್ಬಿ..."

ಅವರು ನನ್ನ ಮಾತು ಮುಗಿಸಲು ಬಿಡಲಿಲ್ಲ. "ಎಕ್ಸ್‌ಪ್ರೆಸ್ ನಿಂತಿತಾ?"

"ಗೊತ್ತಿಲ್ಲ ಅಂಕಲ್. ನಿಲ್ಸಿಟ್ಟಿದೀವಿ."

"ಯಾವುದನ್ನ? ಗಾಡೀನಾ?"

"ಅಲ್ಲ, ಸಿನಿಮಾನ."

"ಸಿನಿಮಾ ನಿಲ್ಸಿ ಏನಮ್ಮ ಪ್ರಯೋಜನ!" ಅಂದವರೇ ಎರಡೆರಡು ಮೆಟ್ಟಿಲು ಹಾರುತ್ತ ಮೇಲಕ್ಕೆ ಓಡಿದರು. ಎಪ್ಪತ್ತು ದಾಟಿದ ಮನುಷ್ಯ. ನಾನು ನನ್ನ ಮೂರು ಅಂಶಗಳನ್ನು ಹೊತ್ತು ಹಿಂದೆ ಓಡಿದೆ.

ಮೈಕ್ ಅವರಿಗೇ ಕೊಟ್ಟೆ. ಆಮೇಲಿನ ಅರ್ಧ ಗಂಟೆಯ ವಿವರಣೆಯನ್ನು ನಮ್ಮ ಬಡಾವಣೆ ಇವತ್ತಿಗೂ ಹೇಳಿಕೊಂಡು ನಗುತ್ತದೆ. ಅವರಿಗೆ ಪ್ರೀತಿ, ವಿರಹ, ಯಾವುದೂ ಲೆಕ್ಕಕ್ಕಿರಲಿಲ್ಲ. ಹುಡುಗಿ ಡಬ್ಬಿಗಳ ಪಕ್ಕ ನುಸುಳಿ ಸುರಂಗದ ಆಚೆ ಓಡುತ್ತಿದ್ದರೆ, "ಹಾಂ, ದೀಪ ಎತ್ತರಕ್ಕೆ ಹಿಡೀಬೇಕು. ಇನ್ನೂ ಎತ್ತರಕ್ಕೆ. ಅತ್ತಿತ್ತ ಬೀಸು ತಾಯಿ, ಜೋರಾಗಿ ಬೀಸು" ಅಂತ ಪರದೆಗೇ ಹೇಳಿಕೊಟ್ಟರು. "ಇಷ್ಟೆಲ್ಲ ಆಗುವಾಗ ಗೂಡ್ಸ್ ಗಾಡಿ ಗಾರ್ಡ್ ಎಲ್ಲಿ ಸತ್ತ? ಇದು ಅವನ ಕೆಲಸ ಸ್ವಾಮಿ, ಹುಡುಗೀದಲ್ಲ. ಮಲಗಿದಾನೆ, ಅವನ ಮೇಲೆ ಕ್ರಮ ತಗೋಬೇಕು" ಅಂತ ಗುಡುಗಿದರು. ಮರುಕ್ಷಣವೇ ಪರದೆಯ ಮೇಲೆ ಗಾರ್ಡ್ ಕಾಣಿಸಿದ, ಉಳಿದ ಡಬ್ಬಿಯೊಳಗೆ ಕೈಕಾಲು ಕಟ್ಟಿಸಿಕೊಂಡು ಬಿದ್ದಿದ್ದ. "ಓ, ಕಟ್ಟಿ ಹಾಕಿದಾರೆ. ಪಾಪ. ಹಾಗಾದ್ರೆ ಬಿಡಬಹುದು." ಡಬ್ಬಿ ಕಳಚಿದ್ದು ಮೀಸೆಯ ಇನ್ಸ್‌ಪೆಕ್ಟರೇ ಅಂತ ಗೊತ್ತಾದಾಗ ಮೈಕನ್ನು ಬಾಯಿಂದ ದೂರ ಹಿಡಿದರು. "ಇಲಾಖೆಯವನೇ" ಅಂದರು, ಅಷ್ಟೇ.

ಎಕ್ಸ್‌ಪ್ರೆಸ್ ಬಂತು. ಹೊಗೆ, ಚಕ್ರ, ಹುಡುಗಿಯ ಮುಖ, ಮತ್ತೆ ಚಕ್ರ. ಹಾಲ್‌ನಲ್ಲಿ ತಮಿಳಿನವರು ತಮಿಳಿನಲ್ಲಿ, ತೆಲುಗಿನವರು ತೆಲುಗಿನಲ್ಲಿ "ನಿಲ್ಸು, ನಿಲ್ಸು" ಅಂತ ಕೂಗುತ್ತಿದ್ದರು. ಇಂಜಿನ್ನು ಅವಳಿಂದ ಒಂದು ಮಾರು ದೂರದಲ್ಲಿ ನಿಂತಿತು. ಡ್ರೈವರ್ ಹಾರಿ ಬಂದು ಅವಳನ್ನು ಅಪ್ಪಿಕೊಂಡ. ಆಂಟಿಯರು ಸೆರಗಿನಲ್ಲಿ ಕಣ್ಣೊರೆಸಿಕೊಳ್ಳುತ್ತಿರುವಾಗ ಮೈಕಿನಲ್ಲಿ ಬಂತು: "ಇಂಜಿನ್ ಬಿಟ್ಟು ಇಳಿದು ಬರೋದಾ? ಬ್ರೇಕ್ ಯಾರು ನೋಡ್ಕೊಳ್ತಾರೆ? ಲೈನ್ ಮೇಲೆ ನಿಂತ್ಕೊಂಡು ಇದೆಲ್ಲ ಬೇಡ, ಮೊದ್ಲು ಹಿಂದಿನ ಸ್ಟೇಷನ್‌ಗೆ ಸುದ್ದಿ ಕಳ್ಸಿ!"

"ಏ ಮಾವಾ, ಒಂದ್ ನಿಮಿಷ ತಬ್ಕೊಳ್ಳಾಕ ಬಿಡ್ರೀ!" ಅಂತ ಯಮನಪ್ಪನ ಗೆಳೆಯನೊಬ್ಬ ಕೂಗಿದ.

"ಅರ್ಧ ನಿಮಿಷ" ಅಂದರು ಅಂಕಲ್.

ಕೊನೆಯಲ್ಲಿ ಪುಟ್ಟಸ್ವಾಮಿ ಅಂಕಲ್ ಎಲ್ಲರ ಮುಂದೆ ಸದಸ್ಯತ್ವ ರದ್ದಾಗಿಲ್ಲ ಅಂತ ಘೋಷಿಸಿದರು. ಜೋರು ಚಪ್ಪಾಳೆ. ನನಗೆ ಎದೆಯ ಮೇಲಿನ ಕಲ್ಲು ಇಳಿದ ಹಾಗಾಯಿತು. ಆದರೆ ಕಲ್ಲು ಅಷ್ಟು ಸುಲಭಕ್ಕೆ ಇಳಿಯುವುದಿಲ್ಲ.

ಮಂಗಳವಾರ ವನಜಾ ಆಂಟಿ ಮತ್ತೆ ನಮ್ಮ ಮನೆ ಬಾಗಿಲಲ್ಲಿ. "ಸಂಘಕ್ಕೆ ಹೋಗ್ತಿಲ್ಲಮ್ಮ! ಎರಡು ದಿನದಿಂದ ಮನೇಲೇ ಇದಾರೆ. ಬಾಯಲ್ಲಿ ಹೇಳಿದ್ದು ನಡೆಯಲ್ಲವಂತೆ. ಅವತ್ತು ವಾಪಸ್ ಬಂದಿದ್ದು ಎಮರ್ಜೆನ್ಸಿ ಅಂತೆ. ತಪ್ಪಾದವರು ಬರವಣಿಗೇಲಿ ವಿವರಣೆ ಕೊಡ್ಬೇಕಂತೆ. ಇವತ್ತು ಬೆಳಗ್ಗೆ ದೋಸೆ ಎಷ್ಟು ನಿಮಿಷಕ್ಕೊಂದು ಬೀಳ್ತಿದೆ ಅಂತ ಗಡಿಯಾರ ಹಿಡ್ಕೊಂಡು ನಿಂತಿದ್ರು. ನಿನ್ ಕೈ ಮುಗೀತೀನಿ, ಅದೇನೋ ಬರೆದ್ಕೊಟ್ಬಿಡು."

ಬರವಣಿಗೆ ತಾನೆ, ಅದು ನನ್ನ ಅಂಗಳ. ಅವತ್ತೇ ನಾಲ್ಕು ಪುಟ ಬರೆದೆ. ಚಿತ್ರದ ಹಳೆಯತನ, ಅದರ ಮೇಲಿನ ಗೀರುಗಳು, ಕಳೆದುಹೋದ ಕಾರ್ಡುಗಳು, ಪ್ರೊಜೆಕ್ಟರಿನ ಮಂದ ಬೆಳಕು, ಅಂದಿನ ಸನ್ನಿವೇಶದಲ್ಲಿ ಯಾರಿಗೇ ಆದರೂ ಆಗಬಹುದಾಗಿದ್ದ ಗೊಂದಲ. ಗುರುವಾರ ಕಾಗದ ವಾಪಸ್ ಬಂತು. ಮೊದಲ ಪುಟದ ಮೂಲೆಯಲ್ಲಿ ಕೆಂಪು ಶಾಯಿ: "ಕೇಳಿದ ಪ್ರಶ್ನೆಗೆ ಉತ್ತರವಿಲ್ಲ."

ಎರಡನೆಯದರಲ್ಲಿ ಬೇರೆ ದಾರಿ ಹಿಡಿದೆ. ನನ್ನ ಅಹಂಕಾರ, ಗೆಲ್ಲುವ ಹಸಿವು, ಹಿರಿಯರ ಅನುಭವಕ್ಕೆ ಬೆಲೆ ಕೊಡದ ನನ್ನ ಪೀಳಿಗೆ, ಎಲ್ಲವನ್ನೂ ಬೈದುಕೊಂಡು ಎರಡು ಪುಟ. ಓದಿ ನನಗೇ ಕಣ್ಣು ತುಂಬಿ ಬಂತು. ಶನಿವಾರ ಅದೂ ವಾಪಸ್. "ಸ್ವಭಾವ ಕೇಳಿಲ್ಲ. ಘಟನೆ ಬರೆಯಿರಿ."

ಸಿಟ್ಟು ಬಂತು. ಈ ಮನುಷ್ಯನಿಗೆ ಬೇಕಾಗಿರುವುದಾದರೂ ಏನು? ಮೂರು ದಿನ ಮುಟ್ಟಲಿಲ್ಲ. ಆಂಟಿ ಎದುರಿಗೆ ಬಂದರೆ ಬೇರೆ ರಸ್ತೆ ಹಿಡಿಯುತ್ತಿದ್ದೆ. ನಾಲ್ಕನೇ ದಿನ ಲ್ಯಾಬ್‌ನಲ್ಲಿ ಊಟದ ಹೊತ್ತಿಗೆ ಹಾಳೆ ತೆಗೆದು ಕೂತೆ. ಕಾರಣಗಳನ್ನೆಲ್ಲ ತೆಗೆದೆ. ಬೈಗುಳಗಳನ್ನೆಲ್ಲ ತೆಗೆದೆ. ಏನು ಆಯಿತು ಅಂತ ಮಾತ್ರ ಕೇಳಿಕೊಂಡೆ. ಯಮನಪ್ಪ ಎದುರಿಗೇ ಕೂತು ರೊಟ್ಟಿ ತಿನ್ನುತ್ತಿದ್ದ.

"ಎಷ್ಟ್ ಪುಟ ಆತ್ರಿ ಅಕ್ಕಾರ?"

"ಒಂದು ಸಾಲು."

ಸಂಜೆ ಹೋಗಿ ಕೊಟ್ಟೆ. ಹಾಳೆಯಲ್ಲಿ ಇದ್ದದ್ದು ಇಷ್ಟೇ: "ಗಾಡಿಯ ಕೊನೆಯ ಡಬ್ಬಿಯನ್ನು ನಾನು ನೋಡಲಿಲ್ಲ, ನೋಡಿ ಎಂದು ನೀವು ಹೇಳಿದ ಮೇಲೂ ನೋಡಲಿಲ್ಲ." ಕೆಳಗೆ ಸಹಿ.

ವೆಂಕೋಬರಾವ್ ಅಂಕಲ್ ಕನ್ನಡಕ ಹಾಕಿಕೊಂಡು ಒಂದು ಸಲ ಓದಿದರು. ಕೆಂಪು ಪೆನ್ನು ತೆಗೆದರು. ಅವರು ಸಹಿ ಹಾಕಿದರು, ತಾರೀಕು ಹಾಕಿದರು, ಹೊತ್ತು ಹಾಕಿದರು, ಫೈಲಿಗೆ ಸೇರಿಸಿ ದಾರ ಕಟ್ಟಿದರು.

"ಮುಗೀತು. ಇದನ್ನ ಬರಿಯೋಕೆ ನೀನು ಎಂಟು ದಿನ ತಗೊಂಡೆ. ಪರವಾಗಿಲ್ಲ. ನಾನು ಒಂದೂವರೆ ತಿಂಗಳು ತಗೊಂಡಿದ್ದೆ."

"ನೀವಾ? ಏನನ್ನ ಅಂಕಲ್?"

"ಇದೇ ಸಾಲು. ಇಂಗ್ಲಿಷ್‌ನಲ್ಲಿ. ಕೆಲಸಕ್ಕೆ ಸೇರಿದ ಎರಡನೇ ವರ್ಷ" ಅಂದು, ಎದ್ದು ಚಪ್ಪಲಿ ಮೆಟ್ಟಿಕೊಂಡರು. "ವನಜಾ, ನಾನು ಸಂಘಕ್ಕೆ ಹೋಗ್ಬಿಟ್ಟು ಬರ್ತೀನಿ."

ಅಡುಗೆಮನೆಯಿಂದ ಆಂಟಿ ಉಸಿರು ಬಿಟ್ಟದ್ದು ಹಜಾರದವರೆಗೆ ಕೇಳಿಸಿತು.

ಯಾವ ಗಾಡಿ, 'ನೋಡಲಿಲ್ಲ' ಅಂದರೆ ಅವತ್ತು ಏನಾಯಿತು, ಯಾರಿಗಾದರೂ ಏನಾದರೂ ಆಯಿತೇ, ನಾಲಿಗೆಯ ತುದಿಯಲ್ಲಿ ಹತ್ತು ಪ್ರಶ್ನೆಗಳಿದ್ದವು. ಯಾವುದನ್ನೂ ಕೇಳಲಿಲ್ಲ. ಅವರ ಜೊತೆ ಗೇಟಿನವರೆಗೆ ಸುಮ್ಮನೆ ನಡೆದೆ. ನನ್ನ ಮಟ್ಟಿಗೆ ಅದೊಂದು ದಾಖಲೆ.

ಈಗ ನಾನು ವಾದ ಮಾಡುವುದು ಬಿಟ್ಟಿದ್ದೇನೆ ಅಂತ ಯಾರಾದರೂ ಅಂದುಕೊಂಡರೆ ಅದು ಸುಳ್ಳು. ಮನೆಯಲ್ಲಿ, ಲ್ಯಾಬ್‌ನಲ್ಲಿ, ಬಸ್ಸಿನಲ್ಲಿ ಇವತ್ತಿಗೂ ವಾದ ಮಾಡುತ್ತೇನೆ, ಹೆಚ್ಚಿನ ಸಲ ಗೆಲ್ಲುತ್ತೇನೆ ಕೂಡ. ಆದರೆ ಜನ ನಕ್ಕು ಚಪ್ಪಾಳೆ ತಟ್ಟಿದ ಕೂಡಲೇ ಒಳಗೆಲ್ಲೋ ಒಂದು ಭಯ ಚುಳ್ ಅನ್ನುತ್ತದೆ. ಅವತ್ತು ಆ ಹಾಲ್‌ನಲ್ಲಿ ನನ್ನ ಒಂದು ಮಾತಾದರೂ ಸೋತಿರಲಿಲ್ಲ. ಸೋಲದೇ ಇದ್ದ ಆ ಮಾತುಗಳಲ್ಲಿ ನಿಜವಾದದ್ದು ಒಂದೂ ಇರಲಿಲ್ಲ.